ಊಟದ ಮೇಜಿನ ಸುತ್ತ ಕಣ್ಣಿಡು

ಚಿ. ಮೇಘನಾಳಿಗೆ ನಿನ್ನ ದೊಡ್ಡಮ್ಮನ ಆಶೀರ್ವಾದಗಳು.

ಸಿರಿವಂತರ ಮನೆಯೊಂದರ ಮೇಲೆ ಹಾಸ್ಯದ ಚಿತ್ರಕಥೆ ಬರೆಯಲು ಕೂತಿದ್ದೀಯ, ಅದಕ್ಕೆ ಮೊದಲು ಯಾವ ಫ್ರೆಂಚ್ ಸಿನಿಮಾ ನೋಡಲಿ ಎಂದು ಕೇಳಿದ್ದೀಯ. ಹೆಸರುಗಳ ಜೊತೆಗೆ ಅವನ್ನು ಹೇಗೆ ನೋಡಬೇಕು ಅನ್ನುವುದನ್ನೂ ಬರೆಯುತ್ತಿದ್ದೇನೆ. ಬರೀ ಕಥೆಗಾಗಿ ನೋಡಿದರೆ ಇವುಗಳಲ್ಲಿ ಅರ್ಧಕ್ಕರ್ಧ ಕೈಬಿಟ್ಟು ಹೋಗುತ್ತದೆ. ಹುಡುಕಲು ಅನುಕೂಲವಾಗಲಿ ಎಂದು ಹೆಚ್ಚಿನವುಗಳ ಇಂಗ್ಲಿಷ್ ಹೆಸರನ್ನೇ ಕೊಟ್ಟಿದ್ದೇನೆ.

ಮೊದಲಿಗೆ ಝಾನ್ ರೆನ್ವಾರ್ 1939ರಲ್ಲಿ ಮಾಡಿದ 'ದಿ ರೂಲ್ಸ್ ಆಫ್ ದ ಗೇಮ್'. ಮಾರ್ಕ್ವಿಸ್ ಬಿರುದಿನ ಸಿರಿವಂತನೊಬ್ಬನ ಹಳ್ಳಿಯ ಬಂಗಲೆಗೆ ನೆಂಟರಿಷ್ಟರು ಬೇಟೆಗೆಂದು ಬಂದು ಇಳಿದುಕೊಳ್ಳುತ್ತಾರೆ. ಎಲ್ಲರೂ ಬೇಟೆಯ ದೃಶ್ಯವನ್ನೇ ಹೊಗಳುತ್ತಾರೆ. ಆಳುಗಳು ಕೋಲಿನಿಂದ ಮರಗಳನ್ನು ಬಡಿಯುತ್ತ ಮೊಲಗಳನ್ನೂ ಹಕ್ಕಿಗಳನ್ನೂ ಎಬ್ಬಿಸಿ ಓಡಿಸುತ್ತಾರೆ, ಅತಿಥಿಗಳು ನಿಂತ ಜಾಗದಿಂದಲೇ ಗುಂಡು ಹಾರಿಸುತ್ತಾರೆ. ಬೆವರು ಒಬ್ಬರದು, ಗುರಿಕಾರನೆಂಬ ಹೆಸರು ಇನ್ನೊಬ್ಬರದು. ದೊಡ್ಡ ದೃಶ್ಯವೇ ಅದು. ಆದರೆ ನೀನು ಮತ್ತೆ ಮತ್ತೆ ನೋಡಬೇಕಾದದ್ದು ಕೆಳಮನೆಯಲ್ಲಿ ಆಳುಕಾಳುಗಳು ಊಟಕ್ಕೆ ಕೂತ ದೃಶ್ಯ. ಮಾರ್ಕ್ವಿಸನ ಮನೆತನದ ಮೂಲದಲ್ಲಿ ಯಹೂದಿ ರಕ್ತವಿದೆ ಎಂದು ಅಲ್ಲೊಬ್ಬರು ಕೊಂಕು ಎತ್ತುತ್ತಾರೆ. ಆಗ ಮುಖ್ಯ ಬಾಣಸಿಗ ಯಜಮಾನನ ಪರ ಮಾತಾಡುತ್ತಾನೆ. ಯಾವ ಆಧಾರದ ಮೇಲೆ? ಆಲೂಗಡ್ಡೆ ಸಲಾಡ್ ಮೇಲೆ! ಬೆಂದ ಆಲೂಗಡ್ಡೆ ಕುದಿ ಬಿಸಿಯಲ್ಲಿರುವಾಗಲೇ ಬಿಳಿ ವೈನ್ ಸುರಿಯಬೇಕು. ಕೆಳಗಿನ ಅಡುಗೆಯವನು ಕೈ ಸುಟ್ಟೀತೆಂದು ಹಾಗೆ ಮಾಡಿರಲಿಲ್ಲ, ಯಜಮಾನ ಅದನ್ನು ಒಡನೆ ಪತ್ತೆಹಚ್ಚಿದ. ಅಂಥ ನಾಲಿಗೆ ಇರುವವನೇ ದೊಡ್ಡ ಮನುಷ್ಯ ಅನ್ನುವುದು ಬಾಣಸಿಗನ ತೀರ್ಪು. ಅತಿಥಿಯೊಬ್ಬಾಕೆಗೆ ಬೇರೆ ಅಡುಗೆ ಆಗಬೇಕೆಂದಾಗ, ಪಥ್ಯವಾದರೆ ಒಪ್ಪುತ್ತೇನೆ, ಖಯಾಲಿಗಳನ್ನಲ್ಲ ಎಂದು ಹೇಳುವವನೂ ಅವನೇ.

ಇದರಲ್ಲಿ ಏನು ನಡೆಯಿತು ನೋಡು. ಮೇಲುಕೀಳನ್ನು ಕಾಯುವ ಕೆಲಸ ಮಹಡಿಯವರಿಗಿಂತ ಹೆಚ್ಚಾಗಿ ಅಡುಗೆಮನೆಯಲ್ಲಿ ನಡೆಯುತ್ತಿದೆ. ಆಳುಗಳ ಮೇಜಿನಲ್ಲೂ ಹಿರಿ-ಕಿರಿ ಅನ್ನುವುದಿದೆ, ಹೊಸದಾಗಿ ಕೆಲಸಕ್ಕೆ ಸೇರಿದ ಮೊಲಗಳ್ಳನಿಗೆ ಅಲ್ಲಿ ಸಿಗುವ ಸ್ವಾಗತವೂ ಅಷ್ಟಕ್ಕಷ್ಟೆ. ಚಿತ್ರದ ಕೊನೆಗೆ ಒಂದು ಕೊಲೆಯಾದಾಗ ಮಾರ್ಕ್ವಿಸ್ ಅದನ್ನು ಸಭ್ಯ ಮಾತುಗಳಲ್ಲಿ 'ಅಪಘಾತ' ಮಾಡಿ ಮುಗಿಸುತ್ತಾನೆ. ಪ್ಯಾರಿಸ್ಸಿನ ಪ್ರೇಕ್ಷಕರು ಚಿತ್ರವನ್ನು ಕೂಗಾಡಿ ತಿರಸ್ಕರಿಸಿದರು. ಯುದ್ಧ ಶುರುವಾದ ಮೇಲೆ, ಅದೇ ವರ್ಷ, ಜನರ ಸ್ಥೈರ್ಯ ಕೆಡಿಸುತ್ತದೆಂದು ಸರ್ಕಾರ ನಿಷೇಧವನ್ನೂ ಹಾಕಿತು. ಈಗ ನಾವು ನೋಡುವುದು 1959ರಲ್ಲಿ ಚೂರುಚೂರು ಸೇರಿಸಿ ಕಟ್ಟಿದ ಪ್ರತಿ.

ಝಾಕ್ ತಾತಿಯ 'ಮೊನ್ ಓಂಕ್ಲ್' (1958) ಹಾಕಿದಾಗ ಸಬ್‌ಟೈಟಲ್ ಆರಿಸಿಬಿಡು, ಮಾತು ಕಮ್ಮಿ. ಕಿವಿಯನ್ನು ಹಿಮ್ಮಡಿಯ ಟಕಟಕ ಸದ್ದಿಗೆ ಕೊಡು. ಹೊಸ ಮಾದರಿಯ ಮನೆಯ ಅಂಗಳದಲ್ಲಿ ಮೀನಿನ ಆಕಾರದ ಕಾರಂಜಿಯೊಂದಿದೆ. ಕರೆಗಂಟೆ ಬಾರಿಸಿದೊಡನೆ ಮನೆಯಾಕೆ ಅದನ್ನು ಚಾಲೂ ಮಾಡುತ್ತಾಳೆ. ಬಂದವನು ಬರೀ ತಮ್ಮನೋ ಸಾಮಾನು ತಂದವನೋ ಆದರೆ ನೀರು ನಿಂತಿತು. ಯಾರಿಗೆ ಎಷ್ಟು ಮರ್ಯಾದೆ ಅನ್ನುವುದನ್ನು ಒಂದು ನಲ್ಲಿ ಹೇಳುತ್ತದೆ, ಒಂದು ಸಾಲಿನ ಸಂಭಾಷಣೆಯೂ ಬೇಕಾಗಿಲ್ಲ. ನಿನ್ನ ಕಥೆಯ ಮನೆಗೂ ಇಂಥ ಒಂದು ವಸ್ತು ಹುಡುಕು. ಎರಡು ಬೇಡ, ಒಂದನ್ನೇ ಚಿತ್ರದುದ್ದಕ್ಕೂ ದುಡಿಸು.

ಬುನ್ಯುಎಲ್‌ನ 'ದಿ ಡಿಸ್ಕ್ರೀಟ್ ಚಾರ್ಮ್ ಆಫ್ ದ ಬೂರ್ಜ್ವಾಸಿ' (1972) ಪೂರ್ತಿ ಹಿಡಿಸದಿದ್ದರೂ ಎರಡು ದೃಶ್ಯ ಬಿಡಬೇಡ. ಮಾರ್ಟಿನಿ ಕುಡಿಯುವ ಕ್ರಮ ವಿವರಿಸಿದ ಗೆಳೆಯರು, ಚಾಲಕನನ್ನು ಒಳಗೆ ಕರೆದು ಒಂದು ಲೋಟ ಕೊಡುತ್ತಾರೆ. ಅವನು ಒಂದೇ ಗುಟುಕಿಗೆ ಮುಗಿಸಿ ಹೋಗುತ್ತಾನೆ, ಇವರಿಗೆ ಬೇಕಾಗಿದ್ದೂ ಅದೇ. ಇನ್ನೊಂದರಲ್ಲಿ ಬಿಷಪ್ ತೋಟದವನ ಬಟ್ಟೆಯಲ್ಲಿ ಬಂದಾಗ ಹೊರದಬ್ಬುತ್ತಾರೆ, ನಿಲುವಂಗಿ ತೊಟ್ಟು ಬಂದಾಗ ತಲೆಬಾಗುತ್ತಾರೆ.

'ದಿ ಡಿನ್ನರ್ ಗೇಮ್' (1998) ಕಥೆ ನಿನಗೆ ಆಗಲೇ ಗೊತ್ತಿದ್ದೀತು. ಹಿಂದಿಯ 'ಭೇಜಾ ಫ್ರೈ', ಆಮೇಲೆ ನಮ್ಮ ಕೋಮಲ್ ನಟಿಸಿದ 'ಮಿ. ಗರಗಸ', ಎರಡರ ಬೇರೂ ಅದೇ. ದಡ್ಡರನ್ನು ಊಟಕ್ಕೆ ಕರೆದು ನಗುವ ಶ್ರೀಮಂತ ಗೆಳೆಯರ ಬಳಗ ಅದರಲ್ಲಿದೆ, ಆದರೆ ಆ ಊಟವನ್ನು ಫ್ರಾನ್ಸಿಸ್ ವೆಬೆರ್ ತೋರಿಸುವುದೇ ಇಲ್ಲ. ಆ ಬಳಗದವನೇ ಆದ ಪುಸ್ತಕ ಪ್ರಕಾಶಕನೊಬ್ಬ ಬೆನ್ನು ಹಿಡಿದುಕೊಂಡು ಮನೆಯಲ್ಲೇ ಉಳಿಯುತ್ತಾನೆ. ತೆರಿಗೆ ಅಧಿಕಾರಿ ಬರುತ್ತಾನೆಂದು ತನ್ನ ಚಿತ್ರಕಲಾಕೃತಿಗಳನ್ನು ಅಡಗಿಸುತ್ತಾನೆ, ದುಬಾರಿ ವೈನ್‌ಗೆ ವಿನಿಗರ್ ಬೆರೆಸಿ ಅಗ್ಗದ್ದಾಗಿಸಲು ನೋಡುತ್ತಾನೆ. ಜೀವನವಿಡೀ ಮೆರೆಸಿದ್ದನ್ನು ಒಂದು ಸಂಜೆಯಲ್ಲಿ ಮುಚ್ಚಿಡಬೇಕಾದ ಪೇಚು ಅದು.

ಇವೆಲ್ಲವುಗಳಿಗಿಂತ ನನಗೆ ಹತ್ತಿರವಾದದ್ದು ಆಗ್ನೆಸ್ ಜಾವಿ ನಿರ್ದೇಶಿಸಿ, ಝಾನ್-ಪಿಯೆರ್ ಬಾಕ್ರಿಯ ಜೊತೆ ಕೂತು ಬರೆದ 'ದಿ ಟೇಸ್ಟ್ ಆಫ್ ಅದರ್ಸ್' (2000). ಕಾಸ್ಟೆಲ್ಲಾ ಕಾರ್ಖಾನೆಯ ಮಾಲೀಕ. ಹಳೆಯ ಫ್ರೆಂಚ್ ನಾಟಕಕಾರ ರಾಸೀನನ ನಾಟಕ ನೋಡಲು ಒಲ್ಲದ ಮನಸ್ಸಿನಿಂದ ಹೋಗಿ, ನಟಿ ಕ್ಲಾರಾಳಿಗೆ ಮನಸೋಲುತ್ತಾನೆ. ಅವಳ ಕಲಾವಿದ ಗೆಳೆಯರ ಮಧ್ಯೆ ಹೋಗಿ ಕೂತಾಗ ಅವರು ಅವನ ಅಜ್ಞಾನವನ್ನು ಆಡಿಕೊಳ್ಳುತ್ತಾರೆ, ಅದು ಅವನಿಗೆ ತಿಳಿಯುವುದೂ ಇಲ್ಲ. ಹಾಗೆಂದು ಅವನೇನೂ ಪಾಪದವನಲ್ಲ, ಒರಟು ಮಾತಿನಿಂದ ನೋಯಿಸುವವನೇ. ಮುಂದೆ ಅವರಲ್ಲೊಬ್ಬನ ವರ್ಣಚಿತ್ರ ಕೊಳ್ಳುತ್ತಾನೆ. ಇವನನ್ನು ದುಡ್ಡಿಗಾಗಿ ಬಳಸಿಕೊಳ್ಳುತ್ತಿದ್ದಾರೆ ಎಂದು ಕ್ಲಾರಾ ಎಚ್ಚರಿಸಲು ಬಂದಾಗ ಅವನು ಕೇಳುವುದು ಇಷ್ಟೇ: ನನಗೆ ಆ ಚಿತ್ರ ನಿಜವಾಗಿ ಹಿಡಿಸಿರಬಹುದು ಅಂತ ನಿಮಗೆ ಹೊಳೆಯಲೇ ಇಲ್ಲವೇ? ಅಲ್ಲಿಯವರೆಗೆ ಅವನನ್ನು ನೋಡಿ ನಕ್ಕ ಪ್ರೇಕ್ಷಕರೂ ಆ ಮಾತಿಗೆ ಸಿಕ್ಕಿಬೀಳುತ್ತಾರೆ. ದುಡ್ಡಿದ್ದವರನ್ನು ಲೇವಡಿ ಮಾಡುವುದು ಸುಲಭ ಮಗು. ಓದಿದವರ, ಅಭಿರುಚಿಯುಳ್ಳವರ ಮೇಲರಿಮೆಯನ್ನು ಮುಟ್ಟುವುದು ಕಷ್ಟ. ಇದನ್ನು ಎರಡು ಸಲ ನೋಡು, ಎರಡನೆಯ ಸಲ ನಗುವವರ ಮುಖಗಳನ್ನೇ ನೋಡು.

ಇನ್ನು ನಿನ್ನ ಬರವಣಿಗೆ. ಇಂಥ ಕಥೆ ಎಡವುವುದು ಹೆಚ್ಚಾಗಿ ಬಡವರ ಪಾತ್ರದಲ್ಲಿ. ಅವರನ್ನು ದೇವರಂತೆ ಮಾಡಿದೊಡನೆ ಹಾಸ್ಯ ಸತ್ತು ಉಪದೇಶ ಹುಟ್ಟುತ್ತದೆ. ಎತಿಯೆನ್ ಶಾತಿಲಿಯೆ 1988ರ 'ಲೈಫ್ ಈಸ್ ಎ ಲಾಂಗ್ ಕ್ವೈಟ್ ರಿವರ್'ನಲ್ಲಿ ಆಸ್ಪತ್ರೆಯಲ್ಲಿ ಅದಲುಬದಲಾದ ಎರಡು ಕೂಸುಗಳ ಕಥೆ ಹೇಳುವಾಗ, ಶ್ರೀಮಂತರ ಪೂಜೆ-ಶಿಸ್ತನ್ನೂ ಬಡ ಮನೆಯವರ ಕಳ್ಳಾಟಗಳನ್ನೂ ಸಮನಾಗಿ ಬಯಲಿಗಿಟ್ಟ. ಹಣ ಕೊಟ್ಟು ತಮ್ಮ ಮಗನನ್ನು ಪಡೆಯುವ ಮನೆಯವರು, ಆ ಹಣ ಎಣಿಸಿಕೊಳ್ಳುವ ಮನೆಯವರು, ಇಬ್ಬರನ್ನೂ ಅವನು ಬಿಡಲಿಲ್ಲ.

ಮೊದಲು ಊಟದ ದೃಶ್ಯವೊಂದನ್ನೇ ಬರೆದು ನನಗೆ ಕಳಿಸು. ಯಾರು ಬಡಿಸುತ್ತಾರೆ, ಯಾರು ಕೊನೆಗೆ ಉಣ್ಣುತ್ತಾರೆ, ಯಾವ ಲೋಟ ಯಾರ ಕೈಗೆ ಹೋಗುತ್ತದೆ, ಇಷ್ಟನ್ನು ಮಾತಿಲ್ಲದೆ ಬರೆ. ಅಡುಗೆಯಾಕೆಗೆ ಒಂದು ಹೆಸರು ಕೊಡು, ಅವಳಿಗೂ ಯಾರನ್ನಾದರೂ ಕಂಡರೆ ತಾತ್ಸಾರವಿರಲಿ. ಸಂಭಾಷಣೆ ಆಮೇಲೆ ಸೇರಿಸೋಣ.

ಇಂತಿ,
ನಿನ್ನ ದೊಡ್ಡಮ್ಮ