ವೇದಿಕೆಗೆ ಮುನ್ನ ನೀರು ಕುಡಿಯುವುದನ್ನು ಬಿಡಬೇಡಿ

ಮಾನ್ಯರೇ,

ಬಳ್ಳಾರಿಯ ಬೇಸಿಗೆ 40 ಡಿಗ್ರಿ ದಾಟುತ್ತದೆ. ಇಂಥ ಬಿಸಿಲಲ್ಲೂ ದೇಹದಾರ್ಢ್ಯ ಸ್ಪರ್ಧೆಗೆ ಎರಡು ದಿನ ಮೊದಲೇ ನೀರು, ಉಪ್ಪು ಬಿಟ್ಟು, ಮೂತ್ರ ಹೆಚ್ಚಿಸುವ ಫ್ಯೂರೋಸೆಮೈಡ್ ಮಾತ್ರೆ ನುಂಗುವ ಹುಡುಗರಿದ್ದಾರೆ. ನರ ಎದ್ದು ಕಾಣಲಿ ಎಂಬ ಆಸೆ. ಆದರೆ ಸ್ನಾಯುವಿನಲ್ಲಿ ಸುಮಾರು ಮುಕ್ಕಾಲು ಪಾಲು ನೀರೇ. ಅದು ಹೋದರೆ ಉಬ್ಬಿದ ತೋಳೂ ಚಪ್ಪಟೆ! ಈ ಮಾತ್ರೆಯಿಂದ ಮೂತ್ರದಲ್ಲಿ ಹರಿದುಹೋಗಿ ಪೊಟ್ಯಾಸಿಯಂ ಕುಸಿದರೆ ಮೀನಖಂಡ ಹಿಡಿದುಕೊಳ್ಳುತ್ತದೆ, ಎದೆಬಡಿತವೂ ತಾಳ ತಪ್ಪುತ್ತದೆ. 1992ರಲ್ಲಿ ವೃತ್ತಿಪರ ಪಟು ಮೊಹಮ್ಮದ್ ಬೆನಜೀಜಾ ಸ್ಪರ್ಧೆ ಮುಗಿದ ಕೆಲವೇ ಗಂಟೆಗಳಲ್ಲಿ ತೀರಿಕೊಂಡರು.

ಕೊಬ್ಬು ಕರಗಿಸಲು 12–16 ವಾರ ಬೇಕು; ವಾರಕ್ಕೆ ತೂಕದ ಶೇ 1ಕ್ಕಿಂತ ಹೆಚ್ಚು ಇಳಿಸಬಾರದು. ಪ್ರೋಟೀನು ದಿನಕ್ಕೆ ಕಿಲೋ ತೂಕಕ್ಕೆ 2 ಗ್ರಾಂ ಸಾಕು, ಡಬ್ಬಿ ಪುಡಿಗೆ ಸಾಲ ಮಾಡಬೇಕಿಲ್ಲ. ಸಂಘಟಕರು ವೇದಿಕೆಯ ಹಿಂದೆ ಓಆರ್‌ಎಸ್ ಮತ್ತು ಒಬ್ಬ ವೈದ್ಯರನ್ನು ಇರಿಸಲಿ.

– ವ್ಯಾಯಾಮ ತರಬೇತುದಾರರು, ಕೌಲ್ ಬಜಾರ್, ಬಳ್ಳಾರಿ