ಕುಳ್ಳನಿಗೆ, ನೆಲದಡಿಯಿಂದ ಎದ್ದು ಬಂದ ಮೇಲೆ

ಲೋ ಕುಳ್ಳ,

ವಾಟ್ಸಾಪಲ್ಲಿ ಬರೆದರೆ ಹೆಬ್ಬೆಟ್ಟು ಒತ್ತಿ ಮುಗಿಸಿಬಿಡ್ತೀಯ. ಅದಕ್ಕೇ ಊರೆಲ್ಲ ನೋಡಲಿ ಅಂತ ಇಲ್ಲಿ ಬರೆಯುತ್ತಿದ್ದೇನೆ.

ಹೋದ ವಾರ ಮೈಸೂರಿನಿಂದ ಆಂಧ್ರದ ಬೆಲುಂ ಗುಹೆ ನೋಡಲು ಹೋಗಿದ್ದೆವು. ಅನಂತಪುರ, ತಾಡಿಪತ್ರಿ ದಾಟಿ ಹೋಗಬೇಕು. ಗುಹೆ ಅಂದರೆ ಬೆಟ್ಟ ಹತ್ತಬೇಕೇನೋ ಅಂತ ಹೊಸ ಶೂ ಬೇರೆ ಕೊಂಡಿದ್ದೆ. ನೋಡಿದರೆ ಬಯಲಲ್ಲಿ ಬಾವಿಯಂಥ ಗುಂಡಿ, ಅದಕ್ಕೆ ಮೆಟ್ಟಿಲು. ಥೇಟ್ ನಮ್ಮ ತಾತ ನೆಲದಡಿ ರಾಗಿ ತುಂಬಿಡುತ್ತಿದ್ದ ಹಗೇವು.

ಒಳಗೆ 3,229 ಮೀಟರ್ ಉದ್ದವಿದೆ, ನಮ್ಮಂಥವರನ್ನು ಬಿಡುವುದು ಒಂದೂವರೆ ಕಿಲೋಮೀಟರ್ ಅಷ್ಟೇ. ಎಲ್ಲಾ ಸುಣ್ಣದ ಕಲ್ಲು. ಮಳೆ ನೀರು ಮಣ್ಣಿಗೆ ಇಳಿಯುವಾಗ ಅಲ್ಲಿನ ಇಂಗಾಲದ ಡೈಆಕ್ಸೈಡ್ ಹೀರಿಕೊಂಡು ಒಂಚೂರು ಹುಳಿಯಾಗುತ್ತದೆ, ಆ ಹುಳಿ ನೀರೇ ಲಕ್ಷಾಂತರ ವರ್ಷ ಕಲ್ಲನ್ನು ನೆಕ್ಕಿ ನೆಕ್ಕಿ ಇಷ್ಟು ದೊಡ್ಡ ಓಣಿ ಮಾಡಿದೆ. ಗೋಡೆ ತಣ್ಣಗಿರುತ್ತೆ ಅಂದುಕೊಂಡು ಕೈಯಿಟ್ಟೆ. ಬೆವತ ಬೆನ್ನಿನ ಹಾಗಿತ್ತು. ಸೆಕೆ ಅಂದರೆ ಸೆಕೆ, ಕೊಳವೆಯಲ್ಲಿ ಗಾಳಿ ಬಿಡುತ್ತಾರೆ.

1884ರಲ್ಲಿ ರಾಬರ್ಟ್ ಬ್ರೂಸ್ ಫೂಟ್ ಅನ್ನೋ ಬ್ರಿಟಿಷ್ ಭೂವಿಜ್ಞಾನಿ ಇದನ್ನು ದಾಖಲು ಮಾಡಿದ. ಆಮೇಲೆ ಸುಮಾರು ನೂರು ವರ್ಷ ಯಾರೂ ಕ್ಯಾರೇ ಅನ್ನಲಿಲ್ಲ. 1980ರ ದಶಕದಲ್ಲಿ ಜರ್ಮನಿಯವರು ಬಂದು ಅಳತೆ ಮಾಡಿದರು, 2002ರಲ್ಲಿ ಲೈಟು ಹಾಕಿ ಜನರಿಗೆ ಬಿಟ್ಟರು. ಆದರೆ ಎಲ್ಲರಿಗಿಂತ ಮೊದಲು ಅಲ್ಲಿ ಮನುಷ್ಯರು ಇದ್ದರು ಮಾರಾಯ. ಅವರ ಪಾತ್ರೆಗಳು ಸಿಕ್ಕಿವೆ, ಕ್ರಿ.ಪೂ. 4500ರ ಕಾಲದವು ಅನ್ನುತ್ತಾರೆ. ಬೌದ್ಧ, ಜೈನ ಸನ್ಯಾಸಿಗಳೂ ಇದ್ದರಂತೆ. ಬಲ್ಬಿಲ್ಲದೆ ಇಲ್ಲಿ ಹೆಂಗಿದ್ದರಪ್ಪಾ ಅಂತ ಜೋರಾಗಿ ಕೇಳಿದೆ, ಗೈಡ್ ನಕ್ಕ.

ಗುಹೆಯೊಳಗೆ ಪಾತಾಳಗಂಗೆ ಅನ್ನೋ ತೊರೆ ಕಡೆ ಇಳಿಯುವ ಇಕ್ಕಟ್ಟಿನಲ್ಲಿ ಕರೆಂಟ್ ಹೋಯಿತು.

ಒಂದು ನಿಮಿಷ ಇರಬೇಕು, ಜಾಸ್ತಿ ಅಲ್ಲ. ಮೊಬೈಲ್ ತೆಗೆಯೋಕೂ ಕೈ ಬರಲಿಲ್ಲ. ಕಣ್ಣು ಬಿಟ್ಟಿದ್ದೀನಾ ಮುಚ್ಚಿದ್ದೀನಾ ಅಂತ ಬೆರಳಿಂದ ರೆಪ್ಪೆ ಮುಟ್ಟಿ ನೋಡಿಕೊಂಡೆ. ಆಗ ನೆನಪಾದವನು ನೀನು.

ಹಗೇವಿನ ಕಥೆ ನಾನು ಎಷ್ಟು ಮದುವೆಗಳಲ್ಲಿ ಹೇಳಿ ನಗಿಸಿದ್ದೀನಿ ಅಲ್ವಾ. ಕುಳ್ಳನನ್ನು ಖಾಲಿ ಹಗೇವಿಗೆ ಇಳಿಸಿದೆ, ಮೇಲೆ ಹಲಗೆ ಎಳೆದು ಗೋಣಿಚೀಲ ಹಾಕಿದೆ, ಅಷ್ಟರಲ್ಲಿ ಅವ್ವ ಊಟಕ್ಕೆ ಕರೆದಳು, ಮರೆತೇಬಿಟ್ಟೆ. ನೀನೂ ನಗ್ತೀಯ. ಆದರೆ ನಾನು ಮರೆತಿರಲಿಲ್ಲ ಕಣೋ. ತಾತ ಅಲ್ಲೇ ಜಗಲಿ ಮೇಲೆ ಕೂತಿದ್ದರು, ಹಲಗೆ ತೆಗೆಯೋಕೆ ಹೋದರೆ ಒದೆ ಬೀಳುತ್ತೆ ಅಂತ ಸುಮ್ನೆ ಕೂತು ಮುದ್ದೆ ಉಪ್ಸಾರು ಉಂಡೆ. ಇನ್ನರ್ಧ ಮುದ್ದೆ ಹಾಕಿಸಿಕೊಂಡೆ. ನಿನ್ನ ಕೂಗು ಕೇಳುತ್ತಿತ್ತು, ಆಮೇಲೆ ಕೇಳಲಿಲ್ಲ. ನಿನ್ನನ್ನು ಮೇಲೆತ್ತಿದ್ದು ತಾತ. ರಾಗಿ ತೆಗೆಯುವಾಗ ಮೊದಲು ಲಾಟೀನು ಇಳಿಬಿಟ್ಟು ನೋಡುತ್ತಿದ್ದ ಮನುಷ್ಯ, ಅದು ಆರಿಹೋದರೆ ಒಳಗೆ ಉಸಿರಾಡೋ ಗಾಳಿಯಿಲ್ಲ ಅಂತ ಯಾರನ್ನೂ ಇಳಿಸುತ್ತಿರಲಿಲ್ಲ. ಅವತ್ತು ಅವರು ನನಗೆ ಹೊಡೆಯಲಿಲ್ಲ. ಯಾಕೆ ಅಂತ ಈಗ ಅರ್ಥವಾಗುತ್ತಿದೆ, ಕೈ ನಡುಗುತ್ತಿತ್ತು ಅವರಿಗೆ.

ಆರನೇ ಮಹಡಿಗೆ ದಿನಾ ಮೆಟ್ಟಿಲು ಹತ್ತುತ್ತೀಯಲ್ಲ, ಲಿಫ್ಟ್ ಇಟ್ಟುಕೊಂಡು. ಫಿಟ್‌ನೆಸ್ ಅಂತೀಯ. ಆ ಹೊಟ್ಟೆ ನೋಡಿದರೆ ಫಿಟ್‌ನೆಸ್ ಅಂತ ಯಾರು ನಂಬುತ್ತಾರೋ!

ಕರೆಂಟ್ ಬಂದಾಗ ನಾನು ಗೈಡ್‌ನ ಅಂಗಿ ಹಿಡಿದುಕೊಂಡಿದ್ದೆ. ಬಿಪಿ ಇದೆಯಾ ಸಾರ್ ಅಂದ. ಇದೆ ಅಂದೆ. ನೀವೆಲ್ಲ ಲೈಕ್ ಒತ್ತಿದ ಆ ಹೀರೋ ಫೋಟೋ ಇಳಿಯುವ ಮೊದಲು ತೆಗೆದದ್ದು. ಹೊರಗೆ ಬಂದು ಎರಡು ಸೋಡಾ ಕುಡಿದ ಮೇಲೆ ತೆಗೆದದ್ದನ್ನು ಹೆಂಡತಿ ಇಟ್ಟುಕೊಂಡಿದ್ದಾಳೆ, ಬೇಕಾದಾಗ ಉಪಯೋಗಕ್ಕೆ ಬರುತ್ತಂತೆ.

ಭಾನುವಾರ ಮನೆಗೆ ಬಾ. ಮೊದಲನೇ ಮಹಡಿ, ಮೆಟ್ಟಿಲೇ ಗತಿ. ಬೈಯೋದಿದ್ದರೆ ಅಲ್ಲೇ ಬೈ. ಕಾಮೆಂಟಲ್ಲಿ ಮಾತ್ರ ಪುಟ್ಟೀರಮ್ಮನ ಕೋಳಿ ವಿಷಯ ಎತ್ತಬೇಡ, ನಮ್ಮ ಮಾವ ಫ್ರೆಂಡ್ ಲಿಸ್ಟಲ್ಲಿದ್ದಾರೆ.