ಮೋಡದ ಮೇಲಿನ ಊರಿಗೆ ಮಳೆ ಬರಲ್ಲ ಕಣೋ

ಚಿಕ್ಕಬಳ್ಳಾಪುರ

ಗೆಳೆಯಾ,

ನಿನ್ನ ಕಥೆಗೆ ಅಂತ ಕಳಿಸಿದ ತೇಲುವ ಬೆಟ್ಟಸೀಮೆಯ ನಕ್ಷೆ ನೋಡಿದೆ. ಚೆನ್ನಾಗಿ ಬರೆದಿದ್ದೀಯ. ಬಂಡೆಗಳು, ಸಂದಿಯಲ್ಲಿ ಊರುಗಳು, ಅಂಚಿಗೆ ಕಾವಲು ಬುರುಜು. ಆದರೆ ನಡುವೆ ಅಷ್ಟು ಅಗಲದ ಹೊಳೆ ಹರಿಸಿದ್ದೀಯಲ್ಲ, ಅದಕ್ಕೆ ನೀರು ಎಲ್ಲಿಂದ ಬರುತ್ತದೆ? ಅದರ ಮೇಲೆ ಇನ್ನೊಂದು ಬೆಟ್ಟ ತೇಲುತ್ತಿದೆಯಾ? ಬೆಂಗಳೂರಿಗೆ ಹೋಗಿ ಕಾವೇರಿ ನಲ್ಲಿ ತಿರುಗಿಸಿ ಅಭ್ಯಾಸವಾದ ಮೇಲೆ ನಿನಗೆ ಈ ಪ್ರಶ್ನೆ ಹೊಳೆಯುವುದೇ ನಿಂತಿದೆ ಅನ್ಸುತ್ತೆ.

ತೇಲುವುದು ಹೇಗೆ ಅಂತ ನಾನು ತಕರಾರು ತೆಗೆಯುವುದಿಲ್ಲ. ಒಂದು ಘನ ಮೀಟರ್ ಗ್ರಾನೈಟ್ ಸುಮಾರು 2,700 ಕೆ.ಜಿ. ತೂಗುತ್ತದೆ. ಅದನ್ನು ಎತ್ತಿ ಹಿಡಿಯಲು ಎರಡೂವರೆ ಸಾವಿರ ಘನ ಮೀಟರಿಗಿಂತ ಜಾಸ್ತಿ ಹೀಲಿಯಂ ಬೇಕು. ಅಷ್ಟು ದೊಡ್ಡ ಬಲೂನು ಕಟ್ಟಿದರೆ ಬೆಟ್ಟವೇ ಕಾಣಲ್ಲ. ಕಥೆ ತಾನೇ, ತೇಲಲಿ ಬಿಡು. ಒಂದು ಸುಳ್ಳಿಗೆ ನನ್ನ ಒಪ್ಪಿಗೆ ಇದೆ. ಮಿಕ್ಕಿದ್ದೆಲ್ಲ ಲೆಕ್ಕಕ್ಕೆ ಕೂರಬೇಕು.

ಮೊದಲು ಎತ್ತರದ ವಿಚಾರ. ನೀನು ಮೋಡವನ್ನೆಲ್ಲ ಬೆಟ್ಟದ ಕೆಳಗೆ ಬರೆದಿದ್ದೀಯ. ನಮ್ಮ ಸ್ಕಂದಗಿರಿ ಬೆಟ್ಟಕ್ಕೆ ಕತ್ತಲಲ್ಲೇ ಹತ್ತುವ ಹುಡುಗರು ನೋಡಲು ಬರುವುದೂ ಅದನ್ನೇ. ಫೋಟೊ ಬೊಂಬಾಟಾಗಿ ಬರುತ್ತದೆ. ಆದರೆ ಮೋಡ ಕೆಳಗಿದ್ದರೆ ಮಳೆಯೂ ಕೆಳಗೇ ಬೀಳುತ್ತದೆ. ವರ್ಷವಿಡೀ ಮೋಡದ ಮೇಲೆ ಕೂತವರ ಬಾಯಿಗೆ ಒಂದು ಹನಿ ಸಿಗಲ್ಲ. ಅದಕ್ಕೇ ಸೀಮೆಯನ್ನು ಕೆಳಗಿಳಿಸು. ನಂದಿ ಬೆಟ್ಟ 1,478 ಮೀಟರ್ ಇದೆ, ಹೆಚ್ಚುಕಡಿಮೆ ಅಷ್ಟರಲ್ಲೇ ಇರಲಿ. ಮೋಡ ಬಂದು ಬಂಡೆಗೆ ಮೈ ಉಜ್ಜಿಕೊಂಡು ಹೋಗಬೇಕು.

ಹಾಗೆ ಬರುವ ಮಂಜನ್ನೂ ಸೀಮೆಯವರು ಸುಮ್ನೆ ಬಿಡಬಾರದು. ಚಿಲಿ ದೇಶದಲ್ಲಿ ಚುಂಗುಂಗೊ ಅಂತ ಮೀನುಗಾರರ ಹಳ್ಳಿ ಇದೆ. 1990ರ ದಶಕದಲ್ಲಿ ಅಲ್ಲಿನವರು ಕುಡಿದದ್ದು ಮಂಜಿನ ನೀರು. ಹತ್ತಿರದ ಬೆಟ್ಟದ ಮೇಲೆ ಕಂಬ ನೆಟ್ಟು ಬಲೆ ಕಟ್ಟಿದ್ದರು. ನಮ್ಮ ಕಡೆ ದಪ್ಪ ಮೆಣಸಿನಕಾಯಿ ತೋಟಕ್ಕೆ ಹಾಕುವ ಶೇಡ್ ನೆಟ್ ಇದೆಯಲ್ಲ, ಅಂಥದ್ದೇ ಬಲೆ. ಮಂಜು ತಾಗಿ ಎಳೆ ಎಳೆಯಲ್ಲೂ ಸಣ್ಣ ಹನಿ ಕಟ್ಟುತ್ತದೆ. ಪಕ್ಕದ ಹನಿ ಸೇರಿ ದಪ್ಪವಾಗುತ್ತದೆ, ಭಾರ ತಡೆಯದೆ ಕೆಳಗೆ ನೀರು ಹಿಡಿಯುವ ದೋಣಿಗೆ ಜಾರುತ್ತದೆ. ದೋಣಿಯಿಂದ ಪೈಪು, ಪೈಪಿನಿಂದ ತೊಟ್ಟಿ. ನಿನ್ನ ಬುರುಜುಗಳನ್ನೆಲ್ಲ ಅಳಿಸಿ ಅಲ್ಲಿ ಬಲೆ ಬರಿ. ಆ ಎತ್ತರಕ್ಕೆ ಯಾವ ದಂಡು ಬರುತ್ತೆ ಹೇಳು?

ಒಂದು ತೊಡಕಿದೆ. ಸೀಮೆ ಗಾಳಿಯ ಜೊತೆಗೇ ತೇಲಿಹೋದರೆ ಬಲೆಗೆ ಗಾಳಿಯೇ ತಾಗಲ್ಲ, ಮಂಜೂ ಸಿಗಲ್ಲ. ಹಾಗಾಗಿ ಮಂಜಿನ ಕಾಲದಲ್ಲಿ ಸರಪಳಿ ಬಿಗಿದು ಒಂದು ಕಡೆ ನಿಲ್ಲಿಸಬೇಕು. ಮಧುಗಿರಿಯ ಏಕಶಿಲಾ ಬೆಟ್ಟಕ್ಕೆ ಕಟ್ಟೋಣ. ಆ ಬಂಡೆ ಜಗ್ಗುವುದಿಲ್ಲ.

ಇನ್ನು ಹೊಳೆ. ಅರ್ಕಾವತಿ, ಉತ್ತರ ಪಿನಾಕಿನಿ, ದಕ್ಷಿಣ ಪಿನಾಕಿನಿ, ಚಿತ್ರಾವತಿ ಎಲ್ಲವೂ ಹುಟ್ಟುವುದು ನಮ್ಮ ಈ ಬೆಟ್ಟಗಳ ಸುತ್ತಲೇ. ಹುಟ್ಟಿ ಏನು ಮಾಡುತ್ತವೆ? ಒಂದು ಕಾವೇರಿಗೆ ಹೋಗುತ್ತದೆ, ಮಿಕ್ಕವು ಆಂಧ್ರಕ್ಕೆ, ತಮಿಳುನಾಡಿಗೆ. ಹೊರಗಿನಿಂದ ಇಲ್ಲಿಗೆ ಬರುವ ನದಿ ಒಂದೂ ಇಲ್ಲ. ನೀರಿನ ಲೆಕ್ಕದಲ್ಲಿ ನೋಡಿದರೆ ನಾವೇ ತೇಲುವ ಸೀಮೆಯವರು, ಅಲ್ವಾ? ಅದಕ್ಕೇ ಹಿಂದಿನವರು ಒಂದರ ಕೆಳಗೊಂದು ಕೆರೆ ಕಟ್ಟಿದ್ದು, ಮೇಲಿನದು ಕೋಡಿ ಬಿದ್ದರೆ ಕೆಳಗಿನದು ತುಂಬುವ ಹಾಗೆ. (ಈಗ ಹೊರಗಿನಿಂದಲೂ ಒಂದಿಷ್ಟು ಬರುತ್ತದೆ. ಬೆಂಗಳೂರಿನ ಕೊಳಚೆ ನೀರನ್ನು ಸಂಸ್ಕರಿಸಿ 2018ರಿಂದ ಕೋಲಾರದ ಕೆರೆಗಳಿಗೆ ಬಿಡುತ್ತಿದ್ದಾರೆ. ನೀನು ಸ್ನಾನ ಮಾಡಿದ ನೀರು ಕೋಲಾರದವರ ಕೆರೆಗೆ! ಇದನ್ನು ಕಥೆಗೆ ಸೇರಿಸಬೇಡ, ಯಾರೂ ನಂಬಲ್ಲ.)

ನಿನ್ನ ಸೀಮೆಗೂ ಕೆರೆಗಳೇ ಇರಲಿ. ಆಗ ರಾಜ ಬೇಕಾಗಿಲ್ಲ, ಕೆರೆ ನೀರು ಹಂಚುವ ನೀರುಗಂಟಿ ಸಾಕು. ತೂಬು ಎತ್ತುವ ದಿನ ಊರೆಲ್ಲ ಏರಿ ಮೇಲೆ ನಿಂತಿರುತ್ತದೆ. ಅವನು ಕಚ್ಚೆ ಬಿಗಿದು ನೀರಿಗಿಳಿಯುತ್ತಾನೆ. ತೂಬಿನ ಕಂಬ ಹಿಡಿದು ಮುಳುಗಿ, ಕಾಲಲ್ಲೇ ತಡವಿ ಬಿರಡೆ ಸಡಿಲಿಸುತ್ತಾನೆ. ಏರಿಯ ಆಚೆ ಮೊದಲು ಗುಳುಗುಳು ಸದ್ದು, ಆಮೇಲೆ ಕೆಸರು, ಆಮೇಲೆ ನೀರು. ಮೊದಲ ಸರದಿ ಕಾಲುವೆಯ ಕಟ್ಟಕಡೆಯ ಹೊಲಕ್ಕೆ. ನೀರುಗಂಟಿಗೆ ಸ್ವಂತ ಹೊಲ ಇರಕೂಡದು. ಸುಗ್ಗಿಯಲ್ಲಿ ಮನೆಗಿಷ್ಟು ಅಂತ ರಾಗಿ ಅಳೆದು ಕೊಡುತ್ತಾರೆ. ಭತ್ತದ ಗದ್ದೆ ಬರೆದಿದ್ದೀಯ, ತೆಗಿ. ಮುದ್ದೆ, ಹುರುಳಿ ಸಾರು ತಿಂದುಕೊಂಡಿರಲಿ.

ಆ ಸೀಮೆಯಲ್ಲಿ ಕೊಲೆಗಿಂತ ದೊಡ್ಡ ಅಪರಾಧ ಒಂದಿರಬೇಕು: ಬೋರ್‌ವೆಲ್. ಕೋಲಾರದ ಕಡೆ 1,500 ಅಡಿ ಕೊರೆದರೂ ಬರೀ ಧೂಳು ಬಂದದ್ದು ನಿನಗೂ ಗೊತ್ತು. ನಿನ್ನ ಸೀಮೆಯಲ್ಲಿ ಅಷ್ಟು ಆಳವೇ ಇಲ್ಲ. ಯಾರೋ ಒಬ್ಬ ಶ್ರೀಮಂತ ತೆಂಗಿನಕಾಯಿ ಹಿಡಿಸಿ ನೀರಿರುವ ಜಾಗ ಪಾಯಿಂಟ್ ಮಾಡಿಸುತ್ತಾನೆ, ರಾತ್ರೋರಾತ್ರಿ ಕೆರೆ ಪಕ್ಕದಲ್ಲೇ ಕೊರೆಸುತ್ತಾನೆ. 300 ಅಡಿಗೆ ಕೊರೆಯುವ ಬಿಟ್ ಸೀಮೆಯ ತಳದಿಂದ ಹೊರಗೆ ಬಂದುಬಿಡುತ್ತದೆ. ಏರಿ ಕುಸಿದು, ಬೆಳಗಾಗುವಷ್ಟರಲ್ಲಿ ಕೆರೆಯೆಲ್ಲ ಆ ತೂತಿಗೆ ಇಳಿದು ಕೆಳಗಿನ ಯಾರದೋ ಟೊಮೆಟೊ ತೋಟದ ಮೇಲೆ ಸುರಿದಿರುತ್ತದೆ. ಕಥೆ ಇಲ್ಲಿಂದಲೇ ಶುರುವಾಗಲಿ ಅಂತ ನನ್ನ ಆಸೆ.

ಸರಪಳಿ ಬಿಚ್ಚಿದ ಕಾಲದಲ್ಲಿ ಮುಂಗಾರಿನ ಗಾಳಿ ಅವರನ್ನು ಚಿಂತಾಮಣಿ ದಾಟಿಸಿ ಆಂಧ್ರದ ಮದನಪಲ್ಲಿ ಕಡೆ ತಳ್ಳುತ್ತದೆ. ಹಿಂಗಾರಿನಲ್ಲಿ ಈಶಾನ್ಯದ ಗಾಳಿ ವಾಪಸ್ ತರುತ್ತದೆ. ಭಾಷೆಯ ಚಿಂತೆ ಇಲ್ಲ. ನಮ್ಮವರ ಹಾಗೆ ಜಗಳಕ್ಕೆ ತೆಲುಗು, ಲೆಕ್ಕಕ್ಕೆ ಕನ್ನಡ. ಆದರೆ ಪಹಣಿ ಯಾವ ತಾಲ್ಲೂಕಿನಲ್ಲಿ ತೆಗೆಸುತ್ತಾರೋ ದೇವರೇ ಬಲ್ಲ.

ನನಗೆ ಬಗೆಹರಿಯದೆ ಉಳಿದದ್ದು ನೆರಳಿನ ಜಗಳ. ಸೀಮೆಯ ನೆರಳು ಕೆಳಗಿನ ಹೊಲದ ಮೇಲೆ ವಾರಗಟ್ಟಲೆ ನಿಂತರೆ ಬೆಳೆ ಸೊರಗುತ್ತದೆ. ಕೆಳಗಿನ ರೈತ ಪರಿಹಾರ ಕೇಳುತ್ತಾನೆ. "ನಮ್ಮ ಕೆರೆ ಕೋಡಿ ಬಿದ್ದಾಗ ನೀರು ನಿನ್ನ ಹೊಲಕ್ಕೇ ಬೀಳುತ್ತಲ್ಲಪ್ಪಾ, ಅದಕ್ಕೆ ದುಡ್ಡು ಕೊಟ್ಟಿದ್ದೀಯಾ?" ಅಂತ ಮೇಲಿನವರು ಕೇಳುತ್ತಾರೆ. ಇಬ್ಬರ ಮಾತಲ್ಲೂ ನ್ಯಾಯ ಇದೆ. ಪಂಚಾಯ್ತಿ ಸೇರಿಸಬೇಕು, ಮೇಲೆ ಸೇರಿಸುವುದೋ ಕೆಳಗೋ ಅನ್ನುವುದಕ್ಕೇ ಇನ್ನೊಂದು ಜಗಳ. ಇದನ್ನು ನೀನೇ ಬಿಡಿಸು. ಅವರೇಕಾಯಿ ಕಾಲಕ್ಕೆ ಊರಿಗೆ ಬಾ. ಅಮ್ಮ ಹಿತಕಿದ ಬೇಳೆ ಸಾರು ಮಾಡುತ್ತಾರೆ, ಕೂತು ಮಾತಾಡೋಣ.

ಇಂತಿ ನಿನ್ನ ಗೆಳೆಯ